ಒಂದೇ ದಿನವಾದರೂ ಅರಮನೆಗೇ ಕೊಡಿ

ಬಾಲಿಗೆ ಟಿಕೆಟ್ ಆಯಿತಂತೆ, ನಿಮ್ಮ ಮಗಳು ನಿನ್ನೆ ಹೇಳಿದಳು. ವಾಪಸ್ ಬರುವಾಗ ಜಾವಾದ ಯೋಗ್ಯಕರ್ತದಲ್ಲಿ ಒಂದು ದಿನ ಇಳಿಯುತ್ತೀರಂತೆ. ಬೆಳಗ್ಗೆ ಬೊರೊಬುದುರ್ ಸ್ತೂಪ, ಮಧ್ಯಾಹ್ನ ಅರಮನೆ, ಸಂಜೆ ಪ್ರಂಬಾನನ್ ದೇವಾಲಯ ಅಂತ ಟ್ರಾವೆಲ್ಸ್‌ನವರು ಪಟ್ಟಿ ಕಳಿಸಿದ್ದಾರಂತೆ. ಗಿಡಕ್ಕೆ ನೀರು ಹಾಕುವುದು ಆಮೇಲಾಗಲಿ, ಸ್ವಲ್ಪ ಬೇಲಿ ಹತ್ತಿರ ಬನ್ನಿ. ಆ ಪಟ್ಟಿಯ ವಿಷಯ ಮಾತಾಡಬೇಕು.

ನನ್ನನ್ನು ಕೇಳಿದರೆ ಆ ಮೂರರಲ್ಲಿ ಎರಡನ್ನು ಹೊಡೆದುಹಾಕಿ. ಬೊರೊಬುದುರ್ ನೋಡಬೇಡಿ ಅನ್ನುತ್ತಿಲ್ಲ. ಅದಕ್ಕೆ ಅದರದೇ ಒಂದು ದಿನ ಬೇಕು. ಜನ ಹತ್ತಿ ಹತ್ತಿ ಅದರ ಮೆಟ್ಟಿಲುಗಳೇ ಸವೆದುಹೋಗಿದ್ದವು. 2023ರಲ್ಲಿ ಮೇಲೆ ಹತ್ತಲು ಮತ್ತೆ ಬಿಟ್ಟಾಗ ದಿನಕ್ಕೆ 1,200 ಮಂದಿ ಎಂದು ಮಿತಿ ಹಾಕಿದರು. ಜೊತೆಗೆ ಗೈಡ್ ಇರಲೇಬೇಕು, ಕಾಲಿಗೆ ಸುತ್ತಲ ಹಳ್ಳಿಯವರು ಮಾಡಿದ ‘ಉಪಾನತ್’ ಎಂಬ ಮೆತ್ತನೆಯ ಚಪ್ಪಲಿಯನ್ನೇ ಹಾಕಬೇಕು. ಅಂಥ ಜಾಗಕ್ಕೆ ಗಡಿಯಾರ ನೋಡಿಕೊಂಡು ಹೋಗಿ ಫೋಟೊ ಹೊಡೆದು ಓಡಿಬಂದರೆ ಅದಕ್ಕೂ ನ್ಯಾಯವಿಲ್ಲ, ನಿಮಗೂ ತೃಪ್ತಿಯಿಲ್ಲ. ಇರುವುದು ಒಂದೇ ದಿನ ಅಂದಮೇಲೆ ಅರಮನೆಗೂ ಅದರ ಸುತ್ತಲಿನ ಊರಿಗೂ ಆ ಇಡೀ ದಿನ ಕೊಟ್ಟುಬಿಡಿ.

ಯಾಕೆ ಅಂದರೆ, ಅಲ್ಲಿ ಅರಮನೆ ಇನ್ನೂ ಅರಮನೆಯಾಗಿಯೇ ಇದೆ. ಕ್ರಾಟನ್ ಅಂತಾರೆ ಅದಕ್ಕೆ. ಹತ್ತನೆಯ ಹಮೆಂಕುಬುವೊನೊ ಈಗಿನ ಸುಲ್ತಾನರು. ವಾಸ ಅಲ್ಲೇ, ಆ ಪ್ರಾಂತದ ಗವರ್ನರ್ ಕೂಡ ಅವರೇ. ನಮ್ಮಲ್ಲೂ ಜಯಚಾಮರಾಜ ಒಡೆಯರು 1964ರವರೆಗೆ ಮೈಸೂರು ರಾಜ್ಯದ ಗವರ್ನರ್ ಆಗಿದ್ದರಲ್ಲ, ಆದರೆ ಅದು ಅವರೊಂದಿಗೇ ಮುಗಿಯಿತು. ಅಲ್ಲಿ 2012ರ ವಿಶೇಷ ಕಾನೂನಿನ ಪ್ರಕಾರ ಸುಲ್ತಾನರಾದವರೇ ಗವರ್ನರ್, ಚುನಾವಣೆ ಇಲ್ಲ. ಇದು ಪುಕ್ಕಟೆ ಸಿಕ್ಕ ಗೌರವವಲ್ಲ. 1945ರಲ್ಲಿ ಇಂಡೋನೇಷ್ಯಾ ಸ್ವತಂತ್ರ ಅಂತ ಸಾರಿದಾಗ ಒಂಬತ್ತನೆಯ ಹಮೆಂಕುಬುವೊನೊ ತಡಮಾಡದೆ ಗಣರಾಜ್ಯದ ಪಕ್ಷಕ್ಕೆ ನಿಂತರು. 1946ರಿಂದ ಸುಮಾರು ನಾಲ್ಕು ವರ್ಷ ಅವರ ಊರೇ ದೇಶದ ರಾಜಧಾನಿ. ಈಗಿನ ಸುಲ್ತಾನರಿಗೆ ಐವರು ಹೆಣ್ಣುಮಕ್ಕಳು. 2015ರಲ್ಲಿ ಹಿರಿಯ ಮಗಳಿಗೆ ಮಂಕುಬುಮಿ ಎಂಬ ಹೆಸರು ಕೊಟ್ಟಾಗ ಮುಂದಿನ ಪಟ್ಟ ಹೆಣ್ಣಿಗೋ ಎಂದು ಮನೆತನದೊಳಗೇ ದೊಡ್ಡ ಗಲಾಟೆಯಾಯಿತು. ಆಗಲಿ ಬಿಡಿ, ಆ ಹೆಣ್ಣುಮಗಳು ಪಟ್ಟಕ್ಕೆ ಬಂದರೆ ನನಗಂತೂ ಸಂತೋಷ.

ಒಂದು ಮಾತು ಮೊದಲೇ ಹೇಳಿಬಿಡುತ್ತೇನೆ. ಮೈಸೂರು ಅರಮನೆಯನ್ನು ಕಣ್ಣಲ್ಲಿಟ್ಟುಕೊಂಡು ಹೋದರೆ ‘ಇಷ್ಟೇನಾ’ ಅನ್ನಿಸುತ್ತದೆ. ಗುಮ್ಮಟ, ಗೋಪುರ, ಮಹಡಿಯ ಮೇಲೆ ಮಹಡಿ, ಅವೆಲ್ಲ ಅಲ್ಲಿಲ್ಲ. ಒಂದರ ಹಿಂದೆ ಒಂದು ಅಂಗಳ, ಅಂಗಳದಲ್ಲಿ ಗೋಡೆಯಿಲ್ಲದ ಕಂಬದ ಮಂಟಪಗಳು, ಕೆಳಗೆ ಸಮುದ್ರ ತೀರದಿಂದ ತಂದು ಹರಡಿದ ಮರಳು, ಅಲ್ಲಲ್ಲಿ ಸಪೋಟದ ಬಳಗಕ್ಕೆ ಸೇರಿದ ಸಾವೊ ಕೆಚಿಕ್ ಮರಗಳು. ಡೊನೊಪ್ರತೊಪೊ ಬಾಗಿಲಲ್ಲಿ ಗದೆ ಹಿಡಿದ ಇಬ್ಬರು ದ್ವಾರಪಾಲರು ನಿಂತಿರುತ್ತಾರೆ. ಹಳೇಬೀಡು, ಬೇಲೂರು ಕಂಡವರಿಗೆ ಅವರ ಪರಿಚಯ ಹೇಳಬೇಕಾಗಿಲ್ಲ. ಸುಲ್ತಾನರು ಮುಸಲ್ಮಾನರು, ಅರಮನೆಯ ಮುಂದೆಯೇ ದೊಡ್ಡ ಮಸೀದಿ, ಬಾಗಿಲಲ್ಲಿ ದ್ವಾರಪಾಲರು. ಇದರಲ್ಲಿ ವಿಚಿತ್ರವೇನಿದೆ ಅಂತ ಅಲ್ಲಿನವರು ನಮ್ಮನ್ನೇ ಕೇಳುತ್ತಾರೆ.

ಈ ಅರಮನೆ ಎದ್ದ ಕಥೆಯನ್ನೂ ಕೇಳಿ. 1755ರ ಫೆಬ್ರವರಿಯಲ್ಲಿ ಗಿಯಾಂತಿ ಅನ್ನುವಲ್ಲಿ ಡಚ್ ಕಂಪನಿಯವರು ಕುಳಿತು ಹಳೆಯ ಮತರಾಮ್ ರಾಜ್ಯವನ್ನು ಎರಡು ಭಾಗ ಮಾಡಿದರು. ಒಂದು ಸುರಕರ್ತ, ಇನ್ನೊಂದು ಯೋಗ್ಯಕರ್ತ. ಅಣ್ಣನ ಮಗ ಅಲ್ಲಿ, ಚಿಕ್ಕಪ್ಪ ಇಲ್ಲಿ. ಆ ಚಿಕ್ಕಪ್ಪನೇ ಮಂಕುಬುಮಿ, ಮೊದಲನೆಯ ಹಮೆಂಕುಬುವೊನೊ. ಊರು ಕಟ್ಟಿಸುವುದರಲ್ಲಿ ಆತ ಎತ್ತಿದ ಕೈ. ಉತ್ತರಕ್ಕೆ ಬೆಂಕಿ ಕಾರುವ ಮೆರಾಪಿ ಬೆಟ್ಟ, ದಕ್ಷಿಣಕ್ಕೆ ಹಿಂದೂ ಮಹಾಸಾಗರ. ನಡುವೆ ಗೆರೆ ಎಳೆದು ಉತ್ತರದ ತುದಿಗೆ ತುಗು ಕಂಬ, ಮಧ್ಯಕ್ಕೆ ಅರಮನೆ, ದಕ್ಷಿಣಕ್ಕೆ ಪಂಗ್ಗುಂಗ್ ಕ್ರಾಪ್ಯಾಕ್ ಎಂಬ ಕಟ್ಟಡ ನಿಲ್ಲಿಸಿದ. ಸುಮಾರು ಆರು ಕಿಲೋಮೀಟರಿನ ಈ ಸಾಲನ್ನು 2023ರ ಸೆಪ್ಟೆಂಬರಿನಲ್ಲಿ ಯುನೆಸ್ಕೊ ವಿಶ್ವ ಪರಂಪರೆಯ ಪಟ್ಟಿಗೆ ಸೇರಿಸಿತು. ಕ್ರಾಪ್ಯಾಕಿನಿಂದ ಅರಮನೆಗೆ ಬರುವ ದಾರಿ ಹುಟ್ಟಿನಿಂದ ಬಾಳಿನ ಕಡೆಗೆ, ತುಗುವಿನಿಂದ ಅರಮನೆಗೆ ಬರುವ ದಾರಿ ಬಾಳಿನಿಂದ ದೇವರ ಕಡೆಗೆ ಎಂಬುದು ಅವರ ನಂಬಿಕೆ. ದಕ್ಷಿಣದ ದಾರಿಗೆ ಹೇಳಿದ ಮರಗಳು ಯಾವುವು ಗೊತ್ತೇ? ಹುಣಸೆ ಮತ್ತು ಬಕುಳ. ಆ ದಾರಿಯನ್ನು ಎಸಿ ಬಸ್ಸಿನ ಗಾಜಿನಿಂದ ನೋಡಬೇಡಿ. ಎಷ್ಟಾಗುತ್ತದೋ ಅಷ್ಟು ನಡೆಯಿರಿ.

ಅರಮನೆಯೊಳಗೆ ನೀವು ನಿಧಾನ ಮಾಡಬೇಕಾದ್ದು ಅಬ್ದಿ ದಾಲೆಮ್ ಎಂಬವರ ಹತ್ತಿರ. ಅರಮನೆಯ ಸೇವಕರು. ಗಾಢ ನೀಲಿ ಪಟ್ಟೆಯ ಅಂಗಿ, ಬಾಟಿಕ್ ಪಂಚೆ, ತಲೆಗೆ ಬ್ಲಂಕೋನ್ ಪೇಟ, ಬರಿಗಾಲು. ಬಿಸಿಲಿಗೆ ಕಾದ ಮರಳಿನ ಮೇಲೂ ಬರಿಗಾಲೇ. ಬಹಳ ಮಂದಿ ವಯಸ್ಸಾದವರು. ಅರಮನೆಯಿಂದ ಕೈಗೆ ಸಿಗುವುದು ತೀರಾ ಅಲ್ಪ, ಮೊದಲ ಕೆಲವು ಕಾಲ ಬರೀ ಉಮೇದುವಾರಿ. ಆದರೂ ಜಾಗ ಖಾಲಿಯಾದರೆ ಸೇರಲು ಜನ ಇದ್ದಾರೆ. ಅಲ್ಲಿ ಸೇವೆ ಮಾಡಿದರೆ ಮನೆಗೆ ಒಳ್ಳೆಯದಾಗುತ್ತದೆ ಅನ್ನುವ ನಂಬಿಕೆ. ಜಾವಾ ಭಾಷೆಯಲ್ಲಿ ದೊಡ್ಡವರೊಂದಿಗೆ ಒಂದು ಬಗೆ, ಸಣ್ಣವರೊಂದಿಗೆ ಒಂದು ಬಗೆ ಮಾತಾಡಬೇಕು. ಅರಮನೆಯೊಳಗೆ ಈ ಸೇವಕರು ತಮ್ಮತಮ್ಮಲ್ಲಿ ಬಾಗೊಂಗಾನ್ ಎಂಬ ಬೇರೆಯೇ ಮಾತಾಡುತ್ತಾರೆ, ಅದರಲ್ಲಿ ಮೇಲು ಕೀಳಿನ ಭೇದ ಕಮ್ಮಿ. ರಾಜನ ಮನೆಯಲ್ಲೇ ಆ ಸಮಾನತೆ ಇಟ್ಟುಕೊಂಡಿದ್ದಾರೆ ನೋಡಿ, ನನಗೆ ಬಹಳ ಹಿಡಿಸಿದ ಸಂಗತಿ ಅದು. ಬೆಳಗಿನ ಹೊತ್ತು ಶ್ರೀಮಂಗಂತಿ ಮಂಟಪದಲ್ಲಿ ಗಮೆಲಾನ್ ವಾದನವೋ, ತೊಗಲುಗೊಂಬೆಯೋ, ನೃತ್ಯವೋ ಏನಾದರೂ ಇರುತ್ತದೆ. ಒಂದು ಗಂಟೆ ಸುಮ್ಮನೆ ಕೂತುಬಿಡಿ.

ಇನ್ನೊಂದು ಇದೆ, ಗೈಡ್ ತೋರಿಸದಿದ್ದರೆ ಕೇಳಿ ನೋಡಿ. ಒಳಗಿನ ಒಂದು ಬಾಗಿಲ ಬಳಿ ಬಾಲ ಹೆಣೆದುಕೊಂಡ ಎರಡು ನಾಗಗಳ ಉಬ್ಬುಚಿತ್ರ ಇದೆ. ಅಲಂಕಾರ ಅಂದುಕೊಂಡು ಜನ ದಾಟಿಹೋಗುತ್ತಾರೆ, ಆದರೆ ಅದು ಒಂದು ಇಸವಿ. ದ್ವಿ, ನಾಗ, ರಸ, ತುಂಗ್ಗಲ್. ಎರಡು, ಎಂಟು, ಆರು, ಒಂದು. ಬಲದಿಂದ ಎಡಕ್ಕೆ ಓದಿದರೆ 1682. ನಮ್ಮ ಹಳೆಯ ಶಾಸನಗಳಲ್ಲಿ, ಜ್ಯೋತಿಷ ಗ್ರಂಥಗಳಲ್ಲಿ ನಾಗ ಅಂದರೆ ಎಂಟು, ರಸ ಅಂದರೆ ಆರು, ಓದುವುದು ಹಿಂದುಮುಂದಾಗಿ. ಅದೇ ಲೆಕ್ಕ ಅಲ್ಲಿಯೂ. ವರ್ಷ ಎಣಿಸುವುದೂ ಶಕದಿಂದಲೇ. ಸುಲ್ತಾನ್ ಅಗುಂಗ್ ಎಂಬ ಮತರಾಮಿನ ರಾಜ 1633ರಲ್ಲಿ ಇಸ್ಲಾಮಿನ ಚಾಂದ್ರಮಾನ ತಿಂಗಳುಗಳನ್ನು ತಂದ, ಆದರೆ ಶಕ 1555 ಎಂಬ ಅಂಕಿಯನ್ನು ಅಳಿಸಲಿಲ್ಲ, ಅಲ್ಲಿಂದಲೇ ಮುಂದಕ್ಕೆ ಎಣಿಸಿದ. ಚಾಂದ್ರಮಾನದ ವರ್ಷ ಗಿಡ್ಡ, ಹಾಗಾಗಿ ನಮ್ಮ ಶಕವರ್ಷಕ್ಕಿಂತ ನಾಲ್ಕು ಮುಂದೆ ಓಡಿ 1682 ಆಗಿದೆ. ಕ್ರಿಸ್ತಶಕದಲ್ಲಿ 1756. ಆ ಅಕ್ಟೋಬರಿನಲ್ಲಿ ಮಂಕುಬುಮಿ ಹೊಸ ಅರಮನೆಗೆ ಕಾಲಿಟ್ಟ.

ಈಗ ಹೇಳುವುದು ನಮಗೂ ಸಂಬಂಧಪಟ್ಟದ್ದು, ಅದಕ್ಕೇ ನಿಮ್ಮನ್ನು ಇಷ್ಟು ಹೊತ್ತು ನಿಲ್ಲಿಸಿಕೊಂಡಿದ್ದೇನೆ. 1811ರಲ್ಲಿ ಬ್ರಿಟಿಷರು ಜಾವಾವನ್ನು ಹಿಡಿದರು. ದಂಡು ಹೋದದ್ದು ಭಾರತದಿಂದ. 1812ರ ಜೂನ್ 20ರ ನಸುಕಿನಲ್ಲಿ ಬಿಳಿಯರೂ ನಮ್ಮ ಸಿಪಾಯಿಗಳೂ ಏಣಿ ಹಾಕಿ ಈ ಅರಮನೆಯ ಕೋಟೆ ಹತ್ತಿದರು. ಮುಂದಾಳು ರೋಲೊ ಗಿಲೆಸ್ಪಿ. ಯಾರು ಗೊತ್ತಾಯಿತೇ? 1806ರಲ್ಲಿ ವೆಲ್ಲೂರು ಕೋಟೆಯಲ್ಲಿ ಸಿಪಾಯಿಗಳು ಎದ್ದು ಟಿಪ್ಪುವಿನ ಬಾವುಟ ಹಾರಿಸಿದಾಗ ಆರ್ಕಾಟಿನಿಂದ ಕುದುರೆ ದಂಡು ತಂದು ಅದನ್ನು ತುಳಿದವನು. ಯೋಗ್ಯಕರ್ತದ ಅರಮನೆಯನ್ನು ಅವರು ಲೂಟಿ ಮಾಡಿದರು. ಒಡವೆ, ನಾಣ್ಯ, ಆಯುಧ ಹೋದವು, ಗ್ರಂಥಭಂಡಾರ ಹೆಚ್ಚುಕಮ್ಮಿ ಪೂರ್ತಿ ಹೋಯಿತು. ಎರಡನೆಯ ಸುಲ್ತಾನನನ್ನು ಪೆನಾಂಗಿಗೆ ಸಾಗಹಾಕಿದರು. ಹಸ್ತಪ್ರತಿಗಳನ್ನು ಮೂವರು ಹಂಚಿಕೊಂಡರು. ಲೆಫ್ಟಿನೆಂಟ್ ಗವರ್ನರ್ ರಾಫಲ್ಸ್, ರೆಸಿಡೆಂಟ್ ಕ್ರಾಫರ್ಡ್, ಮೂರನೆಯವನು ಕರ್ನಲ್ ಕಾಲಿನ್ ಮೆಕೆಂಜಿ.

ಹೌದು, ನಮ್ಮ ಕೈಫಿಯತ್ತುಗಳ ಮೆಕೆಂಜಿಯೇ. 1799ರಲ್ಲಿ ಶ್ರೀರಂಗಪಟ್ಟಣದ ಮುತ್ತಿಗೆಯಲ್ಲಿ ಇಂಜಿನಿಯರ್ ಆಗಿದ್ದು, ಆಮೇಲೆ ಮೈಸೂರು ಸೀಮೆಯ ಸರ್ವೆ ಮಾಡುತ್ತ ಊರೂರಿನ ಕಥೆ, ಶಾಸನದ ನಕಲು, ಓಲೆಗರಿ ಕಲೆಹಾಕಿಸಿದವನು. ಎಂ.ಎಂ. ಕಲಬುರ್ಗಿಯವರು ಸಂಪಾದಿಸಿದ ‘ಕರ್ನಾಟಕದ ಕೈಫಿಯತ್ತುಗಳು’ ಆ ರಾಶಿಯಿಂದ ಬಂದದ್ದು. 1816ರಲ್ಲಿ ಥಾಮಸ್ ಹಿಕಿ ಬರೆದ ಮೆಕೆಂಜಿಯ ಚಿತ್ರ ನೋಡಿರಬಹುದು. ಕೆಂಪು ಕೋಟು, ಪಕ್ಕದಲ್ಲಿ ನಮ್ಮವರೇ ಆದ ಸಹಾಯಕರು, ಹಿಂದೆ ದೂರದಲ್ಲಿ ಕಾರ್ಕಳದ ಗೊಮ್ಮಟ. ಆ ಚಿತ್ರಕ್ಕೆ ನಿಂತಾಗ ಅವನು ಜಾವಾದಿಂದ ಮರಳಿ ಹೆಚ್ಚು ವರ್ಷವಾಗಿರಲಿಲ್ಲ. ನಮ್ಮಲ್ಲಿ ಆತ ಕೇಳಿ, ಬರೆಸಿ, ಕೂಲಿ ಕೊಟ್ಟು ಸಂಗ್ರಹಿಸಿದ. ಅಲ್ಲಿ ಲೂಟಿಯಲ್ಲಿ ಪಾಲು ತೆಗೆದುಕೊಂಡ. ಒಬ್ಬನೇ ಮನುಷ್ಯ. ನಾವು ಅವನನ್ನು ನೆನೆಯುವಾಗ ಯೋಗ್ಯಕರ್ತವನ್ನೂ ನೆನೆಯಬೇಕು.

2019ರಲ್ಲಿ ಬ್ರಿಟಿಷ್ ಲೈಬ್ರರಿಯವರು ಆ ಅರಮನೆಯ 75 ಹಸ್ತಪ್ರತಿಗಳ ಡಿಜಿಟಲ್ ಪ್ರತಿ ಮಾಡಿ ಸುಲ್ತಾನರಿಗೆ ಒಪ್ಪಿಸಿದರು. ಖರ್ಚಿಗೆ ನೆರವಾದವರು ಭಾರತ ಮೂಲದ ಇಂಡೋನೇಷ್ಯಾ ಉದ್ಯಮಿ ಶ್ರೀಪ್ರಕಾಶ್ ಲೋಹಿಯಾ. ಒಳ್ಳೆಯ ಕೆಲಸ, ಆದರೆ ಮೂಲ ಪ್ರತಿಗಳು ಲಂಡನ್ನಿನಲ್ಲೇ ಉಳಿದಿವೆ. ಅದೇ ಅರಮನೆಯ ರಾಜಕುಮಾರ ದಿಪೊನೆಗೊರೊ 1825ರಿಂದ 1830ರವರೆಗೆ ಡಚ್ಚರೊಂದಿಗೆ ಕಾದಾಡಿದವನು. ಅವನ ಕೆರಿಸ್ ಕತ್ತಿಯನ್ನು ಡಚ್ಚರು 2020ರಲ್ಲಿ ವಾಪಸ್ ಕೊಟ್ಟರು. ಕತ್ತಿ ವಾಪಸ್ ಬರಬಹುದಾದರೆ ಪುಸ್ತಕ ಯಾಕೆ ಬರಬಾರದು? ಬರಬೇಕು ಅಂತ ನಾನಂತೂ ಗಟ್ಟಿಯಾಗಿ ಹೇಳುತ್ತೇನೆ.

ಅರಮನೆಯಿಂದ ತಮನ್ ಸಾರಿಗೆ ನಡೆದೇ ಹೋಗಬಹುದು. ರಾಜನ ಜಲೋದ್ಯಾನ. 1758ರಿಂದ ಕಟ್ಟಲು ಶುರು ಮಾಡಿದ್ದು. ಎಲ್ಲರೂ ಫೋಟೊ ತೆಗೆಯುವ ಸ್ನಾನದ ಕೊಳಗಳು ಇರುವುದು ಇಲ್ಲೇ. ಅಲ್ಲಿಂದ ಸ್ವಲ್ಪ ಮುಂದೆ ಸುಮುರ್ ಗುಮುಲಿಂಗ್ ಅಂತ ನೆಲದಡಿಯ ಮಸೀದಿ ಇದೆ, ನಾಲ್ಕು ಮೆಟ್ಟಿಲು ಸಾಲು ನಡುವೆ ಕೂಡಿ ಒಂದೇ ಸಾಲಾಗಿ ಮೇಲೇರುತ್ತವೆ. ಒಂದು ಕಾಲಕ್ಕೆ ಸುತ್ತಲೂ ಕೃತಕ ಸರೋವರ ಇತ್ತು, ರಾಜ ದೋಣಿಯಲ್ಲಿ ಬರುತ್ತಿದ್ದ. 1812ರ ದಾಳಿ, 1867ರ ಭೂಕಂಪ ಎಲ್ಲ ಆಗಿ ಸರೋವರ ಬತ್ತಿತು. ಈಗ ಆ ಜಾಗದಲ್ಲಿ ಒತ್ತೊತ್ತಾಗಿ ಮನೆಗಳು, ಬಟ್ಟೆ ಒಣಹಾಕಿದ ಓಣಿಗಳು, ಪಂಜರದಲ್ಲಿ ಹಾಡುವ ಹಕ್ಕಿಗಳು. ಆ ಓಣಿಗಳಲ್ಲಿ ಮೆಲ್ಲಗೆ ಮಾತಾಡಿಕೊಂಡು ನಡೆಯಿರಿ, ಯಾರದೋ ಮನೆ ಬಾಗಿಲು ಅದು.

ನೀರಿನ ಮಾತು ಬಂತು, ಅದನ್ನೂ ಹೇಳಿಬಿಡುತ್ತೇನೆ. ಆ ಊರಲ್ಲಿ ಹೋಟೆಲುಗಳು ಏಳುತ್ತಿದ್ದ ಹಾಗೆ ಅವುಗಳ ಆಳದ ಬೋರ್‌ವೆಲ್‌ಗಳಿಂದ ನಮ್ಮ ಬಾವಿ ಬತ್ತುತ್ತಿದೆ ಎಂದು 2014ರಲ್ಲಿ ನಿವಾಸಿಗಳು ಬೀದಿಗಿಳಿದರು. ಕಸದ್ದೂ ಅದೇ ಕಥೆ. ಪಿಯುಂಗಾನ್‌ನ ಕಸದ ಗುಡ್ಡ ತುಂಬಿಹೋಗಿ 2023ರ ಜುಲೈನಲ್ಲಿ ಬಾಗಿಲು ಹಾಕಿದಾಗ ಊರ ತುಂಬ ಕಸ. ಸುಸ್ಥಿರ ಪ್ರವಾಸ ಅಂತ ದೊಡ್ಡ ಮಾತಾಡುತ್ತಾರೆ, ಆ ಊರಲ್ಲಿ ಅದರ ಅರ್ಥ ಬಹಳ ಸರಳ. ಈಜುಕೊಳದ ಹೋಟೆಲ್ ಬೇಡ, ಓಣಿಯ ಒಳಗೆ ಮನೆಯವರೇ ನಡೆಸುವ ತಂಗುದಾಣ ಹಿಡಿಯಿರಿ. ಸ್ಟೀಲ್ ಬಾಟಲಿ ಒಯ್ಯಿರಿ. ಬಾಳೆ ಎಲೆಯಲ್ಲಿ ಕಟ್ಟಿಕೊಟ್ಟ ತಿಂಡಿ ಸಿಗುವಾಗ ಥರ್ಮೋಕೋಲ್ ಡಬ್ಬಿ ಮುಟ್ಟಬೇಡಿ.

ಊಟಕ್ಕೆ ವಿಜಿಲಾನ್ ಬೀದಿಗೆ ಹೋಗಿ, ಅರಮನೆಗೆ ಹತ್ತಿರ. ಗುದೆಗ್ ಅಂತ ಸಿಗುತ್ತದೆ. ಹಲಸಿನ ಗುಜ್ಜೆಯನ್ನು ತೆಂಗಿನ ಹಾಲು, ಬೆಲ್ಲ ಹಾಕಿ ಗಂಟೆಗಟ್ಟಲೆ ಬೇಯಿಸುವುದು, ಬಣ್ಣಕ್ಕೆ ತೇಗದ ಎಲೆ. ನಮ್ಮ ಕರಾವಳಿಯವರಿಗೆ ಗುಜ್ಜೆ ಹೊಸದಲ್ಲ, ಆದರೆ ಇಷ್ಟು ಸಿಹಿ ಮಾಡುವುದು ಕಂಡಿರಲಿಕ್ಕಿಲ್ಲ. ಜೊತೆಗೆ ಕೋಳಿ, ಮೊಟ್ಟೆ, ಎಮ್ಮೆ ಚರ್ಮದ ಪಲ್ಯ ಬಡಿಸುತ್ತಾರೆ. ನೀವು ಸಸ್ಯಾಹಾರಿಗಳು, ಬರೀ ಗುದೆಗ್, ಅನ್ನ, ಸೋಯಾ ಕಾಳಿನ ತೆಂಪೆ ಅಂತ ಬಿಡಿಸಿ ಹೇಳಿ. ಬೇಯಿಸುವಾಗಲೇ ಕೋಳಿ ಸಾರು ಸೇರಿಸಿದ್ದಾರೋ ಅಂತಲೂ ವಿಚಾರಿಸಿ.

ಓಡಾಟಕ್ಕೆ ಬೆಚಾಕ್ ಹಿಡಿಯಿರಿ, ಪೆಡಲ್ ತುಳಿಯುವ ಸೈಕಲ್ ರಿಕ್ಷಾ. ಮೋಟಾರು ಕಟ್ಟಿದ್ದೂ ಇದೆ, ಬೇಡ. ತುಳಿಯುವವರು ಬಹುಪಾಲು ವಯಸ್ಸಾದವರು, ಗಿರಾಕಿ ಕಮ್ಮಿ. ಮಾಲಿಯೊಬೊರೊ ಬೀದಿಯಲ್ಲಿ ಯಾರಾದರೂ ನಂಬಲಾಗದಷ್ಟು ಅಗ್ಗಕ್ಕೆ ಕೂರಿಸಿಕೊಂಡರೆ ಅವರು ನಿಮ್ಮನ್ನು ಯಾವುದೋ ಅಂಗಡಿಗೆ ಮುಟ್ಟಿಸುತ್ತಾರೆ, ಅಂಗಡಿಯವನು ಅವರಿಗೆ ಕಮಿಷನ್ ಕೊಡುತ್ತಾನೆ. ತಪ್ಪು ಅವರದಲ್ಲ, ಬಾಡಿಗೆಯಲ್ಲಿ ಹೊಟ್ಟೆ ತುಂಬದ್ದಕ್ಕೆ ಹುಡುಕಿಕೊಂಡ ದಾರಿ ಅದು. ಮೊದಲೇ ಹೇಳಿ: ಅಂಗಡಿ ಬೇಡ, ಪೂರ್ತಿ ಬಾಡಿಗೆ ಕೊಡುತ್ತೇವೆ, ಅರಮನೆಯ ಗೋಡೆ ಸುತ್ತ ಒಂದು ಸುತ್ತು ಹಾಕಿಸಿ. ಅವರಷ್ಟು ಆ ಊರು ಬಲ್ಲವರಿಲ್ಲ.

ಮಧ್ಯಾಹ್ನದ ಮೇಲೆ ಕಾರು ಮಾಡಿಕೊಂಡು ಇಮೊಗಿರಿ ಕಡೆಗೆ ಹೊರಡಿ. ಸುಲ್ತಾನ್ ಅಗುಂಗ್ ಕಟ್ಟಿಸಿದ ರಾಜರ ಸಮಾಧಿ ಬೆಟ್ಟ ಅದು, ಆತನೂ ಅಲ್ಲೇ ಮಲಗಿದ್ದಾನೆ. ನೂರಾರು ಮೆಟ್ಟಿಲು, ನಿಮ್ಮ ಮಂಡಿ ನೋವಿಗೆ ಒಗ್ಗದು. ಬೆಟ್ಟದ ತಪ್ಪಲಿನ ಗಿರಿಲೊಯೊ ಹಳ್ಳಿಗೆ ಹೋಗಿ, ವುಕಿರ್‌ಸಾರಿ ಪಂಚಾಯತಿಗೆ ಸೇರಿದ್ದು. ಅರಮನೆಯ ಬಾಟಿಕ್ ಅಂತ ನಾವು ಕೊಂಡಾಡುವುದರ ಬಹುಭಾಗ ಬರೆದದ್ದು ಇಂಥ ಹಳ್ಳಿಯ ಹೆಣ್ಣುಮಕ್ಕಳು. ಮೇಣ ಬರೆದು ಅರೆಬರೆ ಬಟ್ಟೆಯನ್ನು ಪೇಟೆಯ ವ್ಯಾಪಾರಿಗೆ ಕೊಡುತ್ತಿದ್ದರು, ಬಣ್ಣ ಹಾಕಿ ಲಾಭ ತೆಗೆಯುತ್ತಿದ್ದವನು ಆ ವ್ಯಾಪಾರಿ. 2006ರ ಮೇ 27ರ ಭೂಕಂಪ ಆ ಭಾಗವನ್ನು ನೆಲಸಮ ಮಾಡಿತು, ಸತ್ತವರೇ ಐದು ಸಾವಿರಕ್ಕೂ ಮೇಲೆ. ಮನೆ ಬಿದ್ದಿತ್ತು, ಕೈಯಲ್ಲಿ ಕಸುಬು ಮಾತ್ರ ಉಳಿದಿತ್ತು. ಆಗ ಹೆಂಗಸರು ಗುಂಪು ಕಟ್ಟಿ, ಬಣ್ಣ ಹಾಕುವುದು ಕಲಿತು, ತಾವೇ ಮಾರಲು ನಿಂತರು. 2024ರಲ್ಲಿ ವಿಶ್ವಸಂಸ್ಥೆಯ ಪ್ರವಾಸೋದ್ಯಮ ಸಂಸ್ಥೆ ವುಕಿರ್‌ಸಾರಿಯನ್ನು ಉತ್ತಮ ಪ್ರವಾಸಿ ಗ್ರಾಮಗಳ ಪಟ್ಟಿಗೆ ಸೇರಿಸಿತು.

ಒಬ್ಬರ ಪಕ್ಕ ಕೂತು ನೋಡಿ. ಎದುರಿಗೆ ಚಿಕ್ಕ ಒಲೆ, ಮೇಲೆ ಬಾಣಲೆಯಲ್ಲಿ ಕರಗಿದ ಮೇಣ. ಚಾಂತಿಂಗ್ ಅಂತ ಪುಟ್ಟ ತಾಮ್ರದ ಬಟ್ಟಲು, ಅದಕ್ಕೆ ಸೂಜಿಯಂಥ ಮೂತಿ, ಬಿದಿರಿನ ಹಿಡಿ. ಮೇಣ ಮೊಗೆದು ಮೂತಿಗೆ ಒಮ್ಮೆ ಉಫ್ ಅಂತ ಊದುತ್ತಾರೆ, ಕಟ್ಟಿಕೊಂಡಿದ್ದರೆ ಬಿಡಲಿ ಅಂತ. ಆಮೇಲೆ ಎಡಗೈ ಮೇಲೆ ಇಳಿಬಿಟ್ಟ ಬಟ್ಟೆಯ ಮೇಲೆ ಗೆರೆ. ಕೈ ನಿಂತರೆ ಚುಕ್ಕೆ ದಪ್ಪವಾಗುತ್ತದೆ, ಅವಸರ ಮಾಡಿದರೆ ಗೆರೆ ಹರಿಯುತ್ತದೆ. ಒಂದು ಬದಿ ಮುಗಿದ ಮೇಲೆ ಬಟ್ಟೆ ತಿರುಗಿಸಿ ಅದೇ ಗೆರೆಯನ್ನು ಹಿಂಬದಿಯಲ್ಲೂ ಬರೆಯಬೇಕು. ಬಣ್ಣಕ್ಕೆ ನೀಲಿ ಗಿಡ, ಮಹೋಗನಿ ತೊಗಟೆ, ನಮ್ಮ ತ್ರಿಫಲದ ತಾರೆಕಾಯಿ. ರಾಸಾಯನಿಕ ಬಣ್ಣ ಹಾಕುವವರೂ ಇದ್ದಾರೆ, ಆ ನೀರು ಹರಿಯುವುದು ಹೊಳೆಗೇ, ಹಾಗಾಗಿ ಕೇಳಿ ಕೊಳ್ಳಿ. ಎರಡೂವರೆ ಮೀಟರಿನ ಒಂದು ಬಟ್ಟೆಗೆ ವಾರಗಳು, ಕುಸುರಿಯಿದ್ದರೆ ತಿಂಗಳುಗಳೇ ಹಿಡಿಯುತ್ತವೆ. ಬೆಲೆ ಕೇಳಿ ಬೆಚ್ಚಬೇಡಿ, ಚೌಕಾಸಿಯಂತೂ ಮಾಡಲೇಬೇಡಿ. ಮಾಲಿಯೊಬೊರೊದಲ್ಲಿ ಅಗ್ಗಕ್ಕೆ ಸಿಗುವುದು ಮೆಷಿನ್ನಿನ ಪ್ರಿಂಟು. ತಿರುಗಿಸಿ ನೋಡಿದರೆ ಹಿಂಬದಿ ಮಂಕಾಗಿರುತ್ತದೆ.

ಓರೆಯಾಗಿ ಸಾಲುಗಟ್ಟಿದ ಪಾರಂಗ್ ಎಂಬ ವಿನ್ಯಾಸ ನಿಮ್ಮ ಕಣ್ಣಿಗೆ ಬಿದ್ದೇ ಬೀಳುತ್ತದೆ. ಒಂದು ಕಾಲಕ್ಕೆ ಅದು ರಾಜಮನೆತನಕ್ಕೆ ಮೀಸಲು. ಈಗ ಯಾರೂ ಕೊಳ್ಳಬಹುದು, ಉಡಬಹುದು. ಆದರೆ ಅರಮನೆಯೊಳಗೆ ಬರುವವರು ಅದನ್ನು ಉಡಬಾರದು ಅಂತ ಈಗಲೂ ಕೇಳಿಕೊಳ್ಳುತ್ತಾರೆ. ಒಳಗೆ ಹೋಗುವಾಗ ಟೋಪಿಯನ್ನೂ ತೆಗೆಯಬೇಕು.

ಆಯಿತು, ನಿಮ್ಮ ಗಿಡಗಳು ಬಾಡುತ್ತಿವೆ. ಟ್ರಾವೆಲ್ಸ್‌ನವರಿಗೆ ಇವತ್ತೇ ಫೋನ್ ಮಾಡಿ ಪಟ್ಟಿ ಬದಲಿಸಿ. ಗೈಡ್ ಆ ಊರಿನವರೇ ಇರಲಿ ಅಂತ ಕೇಳಿ. ಅರಮನೆ ಮಧ್ಯಾಹ್ನವೇ ಬಾಗಿಲು ಹಾಕುತ್ತದೆ, ಬೆಳಗ್ಗೆಯೇ ಅಲ್ಲಿರಿ. ಮುಖ್ಯವಾಗಿ ತಾರೀಖು ನೋಡಿಕೊಳ್ಳಿ, ಸೋಮವಾರ ಪ್ರವಾಸಿಗರನ್ನು ಒಳಗೆ ಬಿಡುವುದಿಲ್ಲ.